ಐಸೆನ್‌ಸ್ಟೈನ್ ಎಲ್ಲವನ್ನೂ ತಾವೇ ಚಿತ್ರಿಸಿದ್ದರೆ, ಕಲಾ ನಿರ್ದೇಶಕ ಶ್ಪಿನೆಲ್ ಮಾಡಿದ್ದೇನು?

ನೆರಳುಬೆಳಕು:
ಮಾನ್ಯರೇ, ಸೋವಿಯತ್ ನಿರ್ದೇಶಕ ಐಸೆನ್‌ಸ್ಟೈನ್ ಅವರ ‘ಅಲೆಕ್ಸಾಂಡರ್ ನೆವ್‌ಸ್ಕಿ’ (1938) ಮತ್ತು ‘ಇವಾನ್ ದಿ ಟೆರಿಬಲ್’ ಚಿತ್ರದ ಎರಡೂ ಭಾಗಗಳನ್ನು ಇತ್ತೀಚೆಗೆ ಒಂದರ ಬೆನ್ನಿಗೆ ಒಂದರಂತೆ ನೋಡಿದೆ. ಎರಡು ಚಿತ್ರಗಳಿಗೂ ಕಲಾ ನಿರ್ದೇಶಕರಾಗಿ ದುಡಿದವರು ಶ್ಪಿನೆಲ್. ಕೆಲವು ಕಡೆ ಇವರ ಹೆಸರು ಇಸಾಕ್ ಎಂದೂ ಕೆಲವು ಕಡೆ ಇಯೊಸಿಫ್ ಎಂದೂ ಕಾಣುತ್ತದೆ. ಐಸೆನ್‌ಸ್ಟೈನ್ ಬಗ್ಗೆ ಬಂದಿರುವ ಯಾವ ಪುಸ್ತಕವನ್ನು ತೆರೆದರೂ ಟಿಸ್ಸೆ ಮತ್ತು ಮಾಸ್ಕ್ವಿನ್ ಅವರ ಛಾಯಾಗ್ರಹಣದ ಬಗ್ಗೆ, ಪ್ರೊಕೊಫಿಯೆವ್ ಅವರ ಸಂಗೀತದ ಬಗ್ಗೆ, ನಿರ್ದೇಶಕರೇ ಬರೆದಿಟ್ಟ ರೇಖಾಚಿತ್ರಗಳ ಬಗ್ಗೆ ಪುಟಗಟ್ಟಲೆ ಬರಹ ಸಿಗುತ್ತದೆ. ಶ್ಪಿನೆಲ್ ಅವರಿಗೆ ಸಿಗುವುದು ಹೆಚ್ಚೆಂದರೆ ಒಂದು ಸಾಲು. ‘ಇವಾನ್’ ಒಂದಕ್ಕೇ ಸಾವಿರಕ್ಕೂ ಹೆಚ್ಚು ಚಿತ್ರಗಳನ್ನು ನಿರ್ದೇಶಕರು ಸ್ವತಃ ಬಿಡಿಸಿದ್ದರೆ, ಪಕ್ಕದಲ್ಲಿದ್ದ ಕಲಾ ನಿರ್ದೇಶಕರಿಗೆ ಉಳಿದ ಕೆಲಸವಾದರೂ ಏನು? ರಷ್ಯನ್ ಸಿನಿಮಾದಲ್ಲಿ ಈ ವೃತ್ತಿಯ ಬದುಕು ಹೇಗಿತ್ತು ಎಂಬುದನ್ನು ಬಲ್ಲವರು ದಯವಿಟ್ಟು ವಿವರಿಸಬೇಕು.

ಹಳೇ_ರೀಲು:
ಉತ್ತರ ಸರಳವಾಗಿದೆ: ಹೇಳಿದ್ದನ್ನು ಕಟ್ಟಿಕೊಟ್ಟರು. ಐಸೆನ್‌ಸ್ಟೈನ್ ಅವರ ತಂದೆ ರೀಗಾ ನಗರದ ಹೆಸರಾಂತ ವಾಸ್ತುಶಿಲ್ಪಿ. ಮಗ ಪೆಟ್ರೊಗ್ರಾಡಿನಲ್ಲಿ ಸಿವಿಲ್ ಎಂಜಿನಿಯರಿಂಗ್ ಓದಲು ಹೋಗಿ, ಅದನ್ನು ಅರ್ಧಕ್ಕೆ ಬಿಟ್ಟು, ರಂಗಭೂಮಿಗೆ ಪ್ರವೇಶಿಸಿದ್ದೇ ರಂಗಸಜ್ಜಿಕೆಯ ಕಲಾವಿದನಾಗಿ. ಅಂಥ ನಿರ್ದೇಶಕನ ಕೈಕೆಳಗೆ ಕಲಾ ನಿರ್ದೇಶಕನೆಂಬವನು ಮೇಸ್ತ್ರಿಯೇ ಹೊರತು ಬೇರೇನೂ ಅಲ್ಲ.

ಗರಗಸ:
ಹಳೇ_ರೀಲು ಅವರೇ, ನೀವು ‘ಮೇಸ್ತ್ರಿ’ ಎಂದದ್ದು ಬೈಗುಳವೋ ಹೊಗಳಿಕೆಯೋ ತಿಳಿಯಲಿಲ್ಲ. ನಾನು ಬೆಂಗಳೂರಿನಲ್ಲಿ ಕಲಾ ವಿಭಾಗದ ಸಹಾಯಕನಾಗಿ ದುಡಿದವನು, ಆದ್ದರಿಂದ ಇಷ್ಟು ಹೇಳಬಲ್ಲೆ: ನಿರ್ದೇಶಕರು ಕೊಡುವ ಚಿತ್ರದಲ್ಲಿ ಭಾವವಿರುತ್ತದೆ, ಅಳತೆ ಇರುವುದಿಲ್ಲ. ಕಮಾನು ತಲೆಯ ಮೇಲೆ ಕವಿದುಕೊಂಡಂತಿರಬೇಕು ಎಂದು ಅವರು ಗೆರೆ ಎಳೆದು ಹೋಗುತ್ತಾರೆ. ಅದು ನೆಲದಿಂದ ಎಷ್ಟು ಅಡಿ ಎತ್ತರದಲ್ಲಿರಬೇಕು, ದೀಪಗಳನ್ನು ಎಲ್ಲಿ ಕಟ್ಟಬೇಕು, ಕ್ಯಾಮೆರಾ ಹಿಂದಕ್ಕೆ ಸರಿಯಲು ಯಾವ ಗೋಡೆಯನ್ನು ಬಿಚ್ಚುವಂತೆ ಮಾಡಬೇಕು, ಪ್ಲೈವುಡ್ಡಿನ ಮೇಲೆ ಬಳಿದ ಪ್ಲಾಸ್ಟರ್ ದೀಪದ ಬೆಳಕಿನಲ್ಲಿ ಕಲ್ಲಿನಂತೆ ಕಾಣಬೇಕಾದರೆ ಎಷ್ಟು ಒರಟಾಗಿರಬೇಕು ಎಂಬುದೆಲ್ಲ ಆ ಗೆರೆಯಲ್ಲಿ ಇರುವುದಿಲ್ಲ. ಅದನ್ನು ನಿರ್ಧರಿಸುವವನೇ ಕಲಾ ನಿರ್ದೇಶಕ.

ವಸುಧಾ_ಧಾರವಾಡ:
ಗರಗಸ ಅವರ ಮಾತಿಗೆ ‘ನೆವ್‌ಸ್ಕಿ’ಯ ಹಿಮಯುದ್ಧಕ್ಕಿಂತ ಒಳ್ಳೆಯ ಉದಾಹರಣೆ ಸಿಗಲಾರದು. 1242ರಲ್ಲಿ ಪೈಪಸ್ ಸರೋವರದ ಹೆಪ್ಪುಗಟ್ಟಿದ ನೀರಿನ ಮೇಲೆ ನಡೆದ ಆ ಯುದ್ಧವನ್ನು ಚಿತ್ರೀಕರಿಸಿದ್ದು ಕಡು ಬೇಸಿಗೆಯಲ್ಲಿ, ಮಾಸ್ಕೋದ ಪೊತಿಲಿಖಾ ಪ್ರದೇಶದಲ್ಲಿದ್ದ ಸ್ಟುಡಿಯೊದ ಹಿಂಬದಿಯ ಬಯಲಿನಲ್ಲಿ. ಅಲ್ಲಿದ್ದ ಹಣ್ಣಿನ ತೋಟವನ್ನು ಕಡಿದು, ನೆಲವನ್ನು ಸಮಮಾಡಿ, ಸೀಮೆಸುಣ್ಣ, ಉಪ್ಪು, ಸೋಡಿಯಂ ಸಿಲಿಕೇಟ್ ಮುಂತಾದವುಗಳನ್ನು ಹಾಸಿ ‘ಹಿಮ’ವನ್ನು ಸಿದ್ಧಪಡಿಸಿದರು. ಸಾವಿರಾರು ಗೊರಸುಗಳೂ ಬೂಟುಗಳೂ ತುಳಿದ ಮೇಲೆಯೂ ಮರುದಿನದ ಚಿತ್ರೀಕರಣಕ್ಕೆ ಅದೇ ಬಿಳುಪು, ಅದೇ ಹೊಳಪು ಉಳಿದಿರಬೇಕು. ಕೊನೆಯಲ್ಲಿ ಭಾರವಾದ ಕವಚ ತೊಟ್ಟ ಶತ್ರುಗಳಾದ ಜರ್ಮನ್ ಟ್ಯೂಟನ್ ಯೋಧರ ಕಾಲಡಿಯಲ್ಲಿ ಹಿಮ ಬಿರಿಯುವ ದೃಶ್ಯಕ್ಕೆ, ನೀರಿನ ಮೇಲೆ ಗಾಳಿ ತುಂಬಿದ ತೇಲುಚೀಲಗಳನ್ನಿಟ್ಟು ಅವುಗಳ ಮೇಲೆ ಕೃತಕ ಹಿಮದ ಹಲಗೆಗಳನ್ನು ಹೊಂದಿಸಿ, ಬೇಕಾದ ಕ್ಷಣದಲ್ಲಿ ಗಾಳಿಯನ್ನು ಹೊರಬಿಟ್ಟು ಮುಳುಗಿಸಿದರು. ಇವೆಲ್ಲ ಯಾವ ರೇಖಾಚಿತ್ರದಲ್ಲಿ ಇದ್ದವು?

ಇನ್ನೊಂದು ಸಂಗತಿಯನ್ನೂ ಗಮನಿಸಬೇಕು. ಚಳಿಗಾಲದ ಎಲ್ಲ ವಿವರಗಳನ್ನೂ ನಕಲು ಮಾಡುವ ಗೋಜಿಗೆ ಅವರು ಹೋಗಲಿಲ್ಲ. ಬಾಯಿಂದ ಹೊರಡುವ ಹಬೆಯಿಲ್ಲ, ಮೀಸೆಗೆ ಅಂಟಿದ ಮಂಜಿಲ್ಲ. ಬೆಳ್ಳಗಿನ ನೆಲ ಮತ್ತು ಅದರ ಮೇಲೆ ಕಪ್ಪಾದ ಆಕಾಶ, ಈ ಎರಡರ ನಡುವಿನ ಪ್ರಮಾಣವನ್ನು ಮಾತ್ರ ಹಿಡಿದರು. ನೋಡುವ ನಮಗೆ ಚಳಿಯಾಗಲು ಅಷ್ಟೇ ಸಾಕಾಯಿತು.

ಹಳೇ_ರೀಲು:
ಒಪ್ಪುವುದು ಕಷ್ಟ. ಚಳಿಗಾಲಕ್ಕಾಗಿ ಕಾಯದೆ ಬೇಸಿಗೆಯಲ್ಲೇ ಯುದ್ಧವನ್ನು ಚಿತ್ರೀಕರಿಸಬಹುದೆಂದು ಸೂಚಿಸಿದವರು ಸಹನಿರ್ದೇಶಕ ವಸಿಲಿಯೆವ್. ಆಕಾಶವನ್ನು ಕಪ್ಪಾಗಿಸಿದ್ದು ಟಿಸ್ಸೆ ಅವರ ಫಿಲ್ಟರ್. ಅದೂ ಅಲ್ಲದೆ, ಆ ಚಿತ್ರದ ಕಲಾ ವಿಭಾಗದಲ್ಲಿ ಶ್ಪಿನೆಲ್ ಜೊತೆಗೆ ಸೊಲೊವ್ಯೊವ್ ಮತ್ತು ಯೆಲಿಸೆಯೆವ್ ಕೂಡ ಇದ್ದರು. ಹೀಗೆ ಹಂಚುತ್ತಾ ಹೋದರೆ ಶ್ಪಿನೆಲ್ ಅವರ ಪಾಲಿಗೆ ಬಂದದ್ದು ಎಷ್ಟು?

ವಸುಧಾ_ಧಾರವಾಡ:
ಹಂಚುವುದೇ ಆದರೆ ಐಸೆನ್‌ಸ್ಟೈನ್ ಅವರ ಪಾಲನ್ನೂ ಹಂಚಿ, ಬೇಡ ಎಂದವರು ಯಾರು? ಚರ್ಚುಗಳ ವಿಷಯವನ್ನು ನೋಡಿ. ‘ನೆವ್‌ಸ್ಕಿ’ಯ ಕಥೆ ನಡೆಯುವ ನವ್ಗೊರೊದ್ ನಗರದ ಬಳಿಯ ಹನ್ನೆರಡನೆಯ ಶತಮಾನದ ಚರ್ಚುಗಳು ಆಗ ಇನ್ನೂ ನಿಂತಿದ್ದವು. ನೆರೆದಿತ್ಸಾದ ಚರ್ಚು 1198ರದು. ಅಲ್ಲಿಗೇ ಹೋಗಿ ಚಿತ್ರೀಕರಿಸಿದರೆ ಸಾಲದೇ ಎಂದು ಯಾರಿಗಾದರೂ ಅನ್ನಿಸಬಹುದು. ಆದರೆ ಶತಮಾನಗಳು ಉರುಳಿದಂತೆ ಅವುಗಳ ಬುಡ ನೆಲದಲ್ಲಿ ಹೂತುಹೋಗಿ, ಎತ್ತರ ಮತ್ತು ಅಗಲದ ಮೂಲ ಪ್ರಮಾಣವೇ ಕೆಟ್ಟಿತ್ತು. ಆದ್ದರಿಂದ ನಿಜವಾದ ಕಟ್ಟಡವನ್ನು ಬಿಟ್ಟು, ಅದು ಹೊಸದಾಗಿದ್ದಾಗ ಹೇಗೆ ಕಂಡಿರಬಹುದೋ ಹಾಗೆ ಸೆಟ್ ಕಟ್ಟಿದರು. ಕಣ್ಣೆದುರಿನ ಅಸಲಿಯನ್ನೇ ಬೇಡವೆನ್ನುವುದಕ್ಕೆ ಕಟ್ಟಡಗಳ ಬಗ್ಗೆ ಗಟ್ಟಿಯಾದ ತಿಳಿವಳಿಕೆ ಬೇಕು. ನೆರೆದಿತ್ಸಾದ ಚರ್ಚು 1941ರ ಯುದ್ಧದಲ್ಲಿ ನುಚ್ಚುನೂರಾಯಿತು ಎಂಬುದನ್ನು ನೆನೆದಾಗ ಆ ಸೆಟ್‌ಗಳನ್ನು ನಾನು ಬೇರೆಯೇ ಕಣ್ಣಿನಿಂದ ನೋಡುತ್ತೇನೆ. (ಯುದ್ಧದ ನಂತರ ಅದನ್ನು ಮತ್ತೆ ಕಟ್ಟಿದ್ದಾರೆ, ಅದು ಬೇರೆ ವಿಷಯ.)

ಕೌಂಡಿನ್ಯ:
‘ಇವಾನ್’ ಬಗ್ಗೆ ಇನ್ನೂ ಯಾರೂ ಬಾಯಿ ಬಿಟ್ಟಿಲ್ಲ. ಶ್ಪಿನೆಲ್ ಅವರ ಕೈಚಳಕ ಎದ್ದು ಕಾಣುವುದು ಅಲ್ಲಿಯೇ ಎಂಬುದು ನನ್ನ ಅಭಿಪ್ರಾಯ.

ಯುದ್ಧದ ಕಾರಣ ಮಾಸ್ಕೋ ಮತ್ತು ಲೆನಿನ್‌ಗ್ರಾಡ್ ಸ್ಟುಡಿಯೊಗಳನ್ನು ಕಜಾಕ್‌ಸ್ತಾನದ ಅಲ್ಮಾ ಆತಾ ನಗರಕ್ಕೆ ಸ್ಥಳಾಂತರಿಸಲಾಗಿತ್ತು, ಮತ್ತು ಚಿತ್ರೀಕರಣ ಆರಂಭವಾದದ್ದು 1943ರ ಏಪ್ರಿಲ್‌ನಲ್ಲಿ. ಹಗಲು ಹೊತ್ತಿನ ವಿದ್ಯುತ್ತೆಲ್ಲ ಯುದ್ಧಸಾಮಗ್ರಿಯ ಕಾರ್ಖಾನೆಗಳಿಗೆ ಹೋಗುತ್ತಿದ್ದುದರಿಂದ ಸಿನಿಮಾದವರು ರಾತ್ರಿ ಕೆಲಸ ಮಾಡಬೇಕಾಗಿತ್ತು. ಮರ, ಬಟ್ಟೆ, ಬಣ್ಣ ಯಾವುದೂ ಧಾರಾಳವಾಗಿ ಸಿಗದ ಆ ಕಾಲದಲ್ಲಿ, ಸ್ಟುಡಿಯೊ ಎಂದು ಕಟ್ಟಿದ್ದೇ ಅಲ್ಲದ ಕಟ್ಟಡದೊಳಗೆ, ಹದಿನಾರನೆಯ ಶತಮಾನದ ಕ್ರೆಮ್ಲಿನ್ ಅರಮನೆ ಎದ್ದು ನಿಲ್ಲಬೇಕಾಗಿತ್ತು.

ಆ ಅರಮನೆಯ ಬಾಗಿಲುಗಳನ್ನು ಮಾತ್ರ ಗಮನಿಸಿಕೊಂಡು ಚಿತ್ರವನ್ನು ಮತ್ತೊಮ್ಮೆ ನೋಡಿ. ಗೋಡೆಗಳು ಎಷ್ಟು ದಪ್ಪವೆಂದರೆ ಬಾಗಿಲು ಎನ್ನುವುದಕ್ಕಿಂತ ಬಿಲ ಎನ್ನಬೇಕು. ಇವಾನ್ ಪಾತ್ರ ಮಾಡಿದ ಚೆರ್ಕಾಸೊವ್ ಮೊದಲೇ ಎತ್ತರದ ಆಳು. ತ್ಸಾರ್ ಆದ ಆತ ಒಂದು ಕೋಣೆಯಿಂದ ಇನ್ನೊಂದಕ್ಕೆ ಹೋಗಬೇಕಾದರೆ ಸೊಂಟದಿಂದ ಬಗ್ಗಿ, ಕುತ್ತಿಗೆಯನ್ನು ಮುಂದಕ್ಕೆ ಚಾಚಿ, ಒಳಗೆ ಕಾಲಿಟ್ಟ ಮೇಲೆ ಮೈಯನ್ನು ನಿಧಾನವಾಗಿ ಬಿಚ್ಚಿ ನಿಲ್ಲಬೇಕು. ಇಡೀ ರಷ್ಯಾಕ್ಕೆ ಒಡೆಯನಾದವನು ತನ್ನ ಮನೆಯಲ್ಲೇ ತಲೆ ಬಗ್ಗಿಸದೆ ಓಡಾಡಲಾರ. ತಲೆಯ ಮೇಲಿನ ಕಮಾನುಗಳಲ್ಲಿ ಬರೆದಿರುವ ದೊಡ್ಡ ಕಣ್ಣುಗಳ ಸಂತರು ಅವನನ್ನೇ ದಿಟ್ಟಿಸುತ್ತಿರುತ್ತಾರೆ. ಪಿತೂರಿ, ಭಯ, ಸಂಶಯ ಎಂಬ ಮಾತುಗಳನ್ನು ಪಾತ್ರಗಳು ಆಡುವ ಮೊದಲೇ ಗೋಡೆಗಳು ಆಡಿ ಮುಗಿಸಿರುತ್ತವೆ. ಮೈಯನ್ನು ಹಿಂಡುವಂಥ ಭಂಗಿಗಳಲ್ಲಿ ನಟಿಸಬೇಕಾಯಿತು ಎಂದು ಚೆರ್ಕಾಸೊವ್ ಮುಂದೆ ತಮ್ಮ ನೆನಪುಗಳಲ್ಲಿ ದೂರಿಕೊಂಡಿದ್ದಾರೆ. ಆ ದೂರನ್ನು ಐಸೆನ್‌ಸ್ಟೈನ್ ಒಬ್ಬರ ಹೆಸರಿಗೇ ಬರೆಯುವುದು ಸರಿಯಲ್ಲ ಎನ್ನುತ್ತೇನೆ.

ಸುಮಾ_ಮಲೆನಾಡು:
ಗೋಡೆಯ ಮೇಲಿನ ಬೃಹತ್ ನೆರಳುಗಳು ಮಾಸ್ಕ್ವಿನ್ ಅವರದಲ್ಲವೇ?

ಗರಗಸ:
ನೆರಳು ಅವರದು ಮೇಡಂ, ಅದು ಬೀಳುವ ಗೋಡೆ ಶ್ಪಿನೆಲ್ ಅವರದು. ಗೋಡೆ ನುಣುಪಾಗಿದ್ದು, ಸಾಕಷ್ಟು ಖಾಲಿ ಜಾಗ ಬಿಟ್ಟುಕೊಂಡಿದ್ದರೆ ಮಾತ್ರ ಅಂಥ ನೆರಳು ಬೀಳುತ್ತದೆ. ಚಿತ್ತಾರ ತುಂಬಿದ ಗೋಡೆಯ ಮೇಲೆ ಅದು ಕಲಸಿಹೋಗುತ್ತದೆ. ಛಾಯಾಗ್ರಾಹಕರೂ ಕಲಾ ನಿರ್ದೇಶಕರೂ ಮೊದಲೇ ಕುಳಿತು ಮಾತನಾಡಿಕೊಳ್ಳದೆ ಇದು ಆಗುವ ಕೆಲಸವಲ್ಲ.

ನೆರಳುಬೆಳಕು:
ಪ್ರಶಸ್ತಿಗಳ ಪಟ್ಟಿಯನ್ನು ನೋಡಿದರೆ ನನ್ನ ಅನುಮಾನ ಇನ್ನೂ ಬಲವಾಗುತ್ತದೆ. 1941ರಲ್ಲಿ ‘ನೆವ್‌ಸ್ಕಿ’ಗೆ ಸ್ಟಾಲಿನ್ ಪ್ರಶಸ್ತಿ ಬಂದಾಗ ಅದನ್ನು ಪಡೆದವರು ನಿರ್ದೇಶಕ ಐಸೆನ್‌ಸ್ಟೈನ್, ಚಿತ್ರಕಥೆಯ ಪಾವ್ಲೆಂಕೊ, ನಟರಾದ ಚೆರ್ಕಾಸೊವ್ ಮತ್ತು ಅಬ್ರಿಕೊಸೊವ್. 1946ರಲ್ಲಿ ‘ಇವಾನ್’ ಮೊದಲ ಭಾಗಕ್ಕೆ ಬಂದಾಗ ಐಸೆನ್‌ಸ್ಟೈನ್, ಟಿಸ್ಸೆ, ಮಾಸ್ಕ್ವಿನ್, ಪ್ರೊಕೊಫಿಯೆವ್, ಚೆರ್ಕಾಸೊವ್ ಮತ್ತು ನಟಿ ಬಿರ್ಮನ್. ಎರಡೂ ಪಟ್ಟಿಗಳಲ್ಲಿ ಶ್ಪಿನೆಲ್ ಇಲ್ಲ.

ಹಳೇ_ರೀಲು:
ನಾನು ಹೇಳಿದ್ದೂ ಇದನ್ನೇ.

ಕೌಂಡಿನ್ಯ:
ಇಲ್ಲ, ನೀವು ಹೇಳಿದ್ದು ಬೇರೆ. ಪ್ರಶಸ್ತಿಯನ್ನು ಹಂಚುವಾಗ ಅವರನ್ನು ಮರೆತರು ಎಂಬುದು ಒಂದು ಸಂಗತಿ, ಅವರು ಮಾಡಿದ್ದು ಕಡಿಮೆ ಎಂಬುದು ಇನ್ನೊಂದು. ಮೊದಲನೆಯದರಿಂದ ಎರಡನೆಯದು ತಾನಾಗಿ ಸಿದ್ಧಿಸುವುದಿಲ್ಲ. ಅದೇ 1946ರ ಸೆಪ್ಟೆಂಬರ್‌ನಲ್ಲಿ ಕಮ್ಯುನಿಸ್ಟ್ ಪಕ್ಷದ ಕೇಂದ್ರ ಸಮಿತಿಯು ‘ಇವಾನ್’ ಎರಡನೆಯ ಭಾಗವನ್ನು ಖಂಡಿಸಿತು, ಮತ್ತು ಆ ಭಾಗ ತೆರೆಕಂಡದ್ದು ಐಸೆನ್‌ಸ್ಟೈನ್ ತೀರಿಕೊಂಡು ಹತ್ತು ವರ್ಷಗಳಾದ ಮೇಲೆ, 1958ರಲ್ಲಿ. ಅಂಥ ಸರ್ಕಾರದ ಪಟ್ಟಿಯನ್ನು ತಕ್ಕಡಿಯಾಗಿ ಬಳಸುವುದು ನನಗೆ ಸರಿಕಾಣುವುದಿಲ್ಲ.

ವಸುಧಾ_ಧಾರವಾಡ:
ಐಸೆನ್‌ಸ್ಟೈನ್ ಅವರಿಗಿಂತ ಮೊದಲೂ ಶ್ಪಿನೆಲ್ ಅವರಿಗೆ ಒಂದು ವೃತ್ತಿಜೀವನವಿತ್ತು ಎಂಬುದನ್ನು ಈ ಚರ್ಚೆ ಮರೆತಂತಿದೆ. 1929ರಲ್ಲಿ ದೊವ್‌ಝೆಂಕೊ ಅವರ ‘ಆರ್ಸೆನಲ್’ ಚಿತ್ರಕ್ಕೆ ಉಕ್ರೇನಿನಲ್ಲಿ ಕೆಲಸ ಮಾಡಿದರು. ಅಲ್ಲಿನ ದೃಶ್ಯಗಳಲ್ಲಿ ವಸ್ತುಗಳೇ ಕಡಿಮೆ, ಬರಿದಾದ ನೆಲ ಮತ್ತು ನಿಂತಲ್ಲೇ ನಿಂತ ಮನುಷ್ಯರು. 1934ರಲ್ಲಿ ಮಿಖಾಯಿಲ್ ರೊಮ್ಮ್ ಅವರ ಮೊದಲ ಚಿತ್ರ ‘ಪಿಶ್ಕಾ’. ಮೊಪಾಸಾನ ಕಥೆಯನ್ನು ಆಧರಿಸಿದ ಈ ಮೂಕಿ ಚಿತ್ರದ ಮುಖ್ಯ ಭಾಗವೆಲ್ಲ ಒಂದು ಕುದುರೆ ಗಾಡಿಯ ಇಕ್ಕಟ್ಟಿನಲ್ಲೂ ಒಂದು ಛತ್ರದಲ್ಲೂ ನಡೆಯುತ್ತದೆ. ಬರಿದಾದ ಬಯಲಿನಿಂದ ಮೊಣಕಾಲಿಗೆ ಮೊಣಕಾಲು ತಗಲುವ ಗಾಡಿಯ ಒಳಭಾಗಕ್ಕೆ, ಅಲ್ಲಿಂದ ಹಿಮದ ರಣರಂಗಕ್ಕೆ, ಅಲ್ಲಿಂದ ಅರಮನೆಯ ಬಿಲಗಳಿಗೆ! ಮೂವರು ನಿರ್ದೇಶಕರೂ ಒಬ್ಬರಿಗೊಬ್ಬರು ಹೋಲಿಕೆಯಿಲ್ಲದವರು. ಬರೀ ಹೇಳಿದ್ದನ್ನು ಕಟ್ಟುವ ಮನುಷ್ಯನನ್ನು ಈ ಮೂವರೂ ಕರೆಯುತ್ತಿದ್ದರೇ? ಮುಂದೆ ಮಾಸ್ಕೋದ ಸಿನಿಮಾ ಸಂಸ್ಥೆ ವ್ಗಿಕ್‌ನಲ್ಲಿ ಅವರು ಪಾಠವನ್ನೂ ಹೇಳಿದರು.

ವಾಚಕ_ಶಿರಸಿ:
ಒಂದು ತಕರಾರು. ‘ಆರ್ಸೆನಲ್’ ಉಕ್ರೇನಿನ ಸಿನಿಮಾ. ಅದನ್ನು ರಷ್ಯನ್ ಸಿನಿಮಾದ ಲೆಕ್ಕಕ್ಕೆ ಸೇರಿಸುವುದು ನ್ಯಾಯವಲ್ಲ. ಸೋವಿಯತ್ ಎಂದರೆ ಸರಿಹೋಗುತ್ತದೆ.

ಹಳೇ_ರೀಲು:
ಈ ತಕರಾರನ್ನು ನಾನು ಪೂರ್ತಿಯಾಗಿ ಒಪ್ಪುತ್ತೇನೆ, ಮತ್ತು ಇದೇ ನೆಪದಲ್ಲಿ ಯೆವ್‌ಗೆನಿ ಎನೈ ಅವರ ಹೆಸರನ್ನೂ ಎತ್ತುತ್ತೇನೆ. ಕಲಾ ನಿರ್ದೇಶಕನೊಬ್ಬನ ವೃತ್ತಿಜೀವನವೆಂದರೆ ಏನೆಂದು ನೆರಳುಬೆಳಕು ಅವರು ಕೇಳಿದ್ದಾರೆ. ಶ್ಪಿನೆಲ್ ಅವರಿಗಿಂತ ಎನೈ ಒಳ್ಳೆಯ ಉತ್ತರ ಎಂಬುದು ನನ್ನ ವಾದ.

ಎನೈ ಹುಟ್ಟಿದ್ದು 1890ರಲ್ಲಿ, ಹಂಗೇರಿಯವರು. ಮೊದಲ ಮಹಾಯುದ್ಧದಲ್ಲಿ ರಷ್ಯನ್ನರ ಕೈಗೆ ಸಿಕ್ಕಿ ಯುದ್ಧಕೈದಿಯಾಗಿ ಬಂದವರು ಅಲ್ಲಿಯೇ ಉಳಿದುಬಿಟ್ಟರು. ಇಪ್ಪತ್ತರ ದಶಕದಲ್ಲಿ ಲೆನಿನ್‌ಗ್ರಾಡ್ ಸ್ಟುಡಿಯೊ ಸೇರಿ, ಕೊಜಿಂತ್ಸೆವ್ ಮತ್ತು ತ್ರಾವ್‌ಬೆರ್ಗ್ ಎಂಬ ಇಬ್ಬರು ಹುಡುಗು ನಿರ್ದೇಶಕರ ಜೊತೆ 1926ರಲ್ಲಿ ಗೊಗೋಲನ ‘ಓವರ್‌ಕೋಟ್’ ಮಾಡಿದರು. ಅದರ ಛಾಯಾಗ್ರಾಹಕರಲ್ಲೊಬ್ಬರು ಯಾರು ಗೊತ್ತೇ? ಇದೇ ಮಾಸ್ಕ್ವಿನ್. ಬೃಹತ್ತಾದ ಕಟ್ಟಡಗಳ ನಡುವೆ ಇರುವೆಯಷ್ಟಾಗಿ ಕಾಣುವ ಗುಮಾಸ್ತನನ್ನು ಎನೈ ಅವರ ಜೊತೆ ಚಿತ್ರಿಸಿದ ಮೇಲೆಯೇ ಅವರು ‘ಇವಾನ್’ ಅರಮನೆಗೆ ಬಂದದ್ದು. ಅನಂತರ ಪ್ಯಾರಿಸ್ ಕಮ್ಯೂನಿನ ಕಥೆ ಹೇಳುವ ‘ನ್ಯೂ ಬ್ಯಾಬಿಲಾನ್’ (1929). ಶೊಸ್ತಕೊವಿಚ್ ಸಿನಿಮಾಕ್ಕೆ ಮೊದಲು ಸಂಗೀತ ಬರೆದದ್ದು ಇದಕ್ಕೇ. ಅಲ್ಲಿಂದ ‘ಡಾನ್ ಕ್ವಿಕ್ಸೋಟ್’ (1957), ‘ಹ್ಯಾಮ್ಲೆಟ್’ (1964), ‘ಕಿಂಗ್ ಲಿಯರ್’ (1971). ಎನೈ ತೀರಿಕೊಂಡದ್ದೂ 1971ರಲ್ಲಿಯೇ. ನಾಲ್ಕು ದಶಕಗಳಿಗೂ ಮೀರಿದ ಒಡನಾಟ! ನಿರ್ದೇಶಕನೂ ಕಲಾ ನಿರ್ದೇಶಕನೂ ಹೀಗೆ ಒಟ್ಟಿಗೆ ಮುದುಕರಾದ ಇನ್ನೊಂದು ಜೋಡಿಯನ್ನು ತೋರಿಸಿ ನೋಡೋಣ.

‘ಹ್ಯಾಮ್ಲೆಟ್’ ಚಿತ್ರದ ಕೋಟೆಗಾಗಿ ಇವಾನ್‌ಗೊರೊದ್ ಕೋಟೆಯನ್ನೂ ಎಸ್ಟೋನಿಯದ ಕಡಲಂಚಿನಲ್ಲಿ ಕಟ್ಟಿದ ಸೆಟ್ಟನ್ನೂ ಬಳಸಿದರು. ಆದರೆ ಎಲ್ಸಿನೋರ್ ಕೋಟೆಯನ್ನು ಇಡಿಯಾಗಿ ಎಲ್ಲಿಯೂ ತೋರಿಸಬಾರದು ಎಂದು ಕೊಜಿಂತ್ಸೆವ್ ತೀರ್ಮಾನಿಸಿದ್ದರು. ಒಂದು ಗೋಡೆ, ಸೇತುವೆಯ ಒಂದು ಹಲ್ಲುಗಾಲಿ, ನೀರಿನ ಮೇಲೆ ಬಿದ್ದ ಒಂದು ನೆರಳು, ಇಷ್ಟೇ. ಬಿಡಿ ಬಿಡಿ ತುಣುಕುಗಳಿಂದ ಕೋಟೆಯನ್ನು ನೋಡುಗನೇ ತನ್ನ ತಲೆಯೊಳಗೆ ಕಟ್ಟಿಕೊಳ್ಳಬೇಕು, ಹಾಗೆ ಕಟ್ಟಿಕೊಂಡ ಸೆರೆಮನೆಯಿಂದ ಅವನಿಗೂ ಹೊರದಾರಿ ಸಿಗಬಾರದು.

ಕೌಂಡಿನ್ಯ:
ಹಳೇ_ರೀಲು ಅವರೇ, ಕಲಾ ನಿರ್ದೇಶಕನನ್ನು ಮೇಸ್ತ್ರಿ ಎಂದು ಆರಂಭಿಸಿದವರು ಇಷ್ಟು ಸೊಗಸಾದ ಪ್ರಶಸ್ತಿಪತ್ರ ಬರೆಯುತ್ತೀರೆಂದು ಯಾರೂ ಎಣಿಸಿರಲಿಲ್ಲ.

ಹಳೇ_ರೀಲು:
ಎನೈ ಅವರಿಗೆ ಬರೆದೆ, ಶ್ಪಿನೆಲ್ ಅವರಿಗಲ್ಲ. ಕೊಜಿಂತ್ಸೆವ್ ಚಿತ್ರ ಬರೆದು ಕೈಗಿಡುವ ಜಾತಿಯವರಲ್ಲ, ಮಾತನಾಡುವ ಜಾತಿಯವರು. ವ್ಯತ್ಯಾಸವಿದೆ.

ಬೀದರಿನವ:
ಚರ್ಚೆಯನ್ನು ಸ್ವಲ್ಪ ನಮ್ಮ ಕಡೆಗೂ ತಿರುಗಿಸುತ್ತೇನೆ, ಕ್ಷಮೆಯಿರಲಿ. ಹದಿನೈದನೆಯ ಶತಮಾನದಲ್ಲಿ ಬಹಮನಿ ಸುಲ್ತಾನರ ಬೀದರಿಗೆ ಬಂದು ತಂಗಿದ್ದ ರಷ್ಯನ್ ವರ್ತಕ ಅಫನಾಸಿ ನಿಕಿತಿನ್ ಕಥೆಯನ್ನು 1957ರಲ್ಲಿ ಮಾಸ್ಕೋದ ಸ್ಟುಡಿಯೊ ಮಾಸ್‌ಫಿಲ್ಮ್ ಮತ್ತು ಖ್ವಾಜಾ ಅಹ್ಮದ್ ಅಬ್ಬಾಸ್ ಅವರ ಸಂಸ್ಥೆ ಸೇರಿ ‘ಪರದೇಸಿ’ ಎಂದು ತೆರೆಗೆ ತಂದವು. ವಸಿಲಿ ಪ್ರೊನಿನ್ ಸಹನಿರ್ದೇಶಕರು, ನರ್ಗಿಸ್ ನಾಯಕಿ. ಆ ಚಿತ್ರದ ಕಲಾ ನಿರ್ದೇಶನಕ್ಕೆ ಎಂ. ಆರ್. ಆಚ್ರೇಕರ್ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ಸ್ಟಾಲಿನ್ ಪ್ರಶಸ್ತಿಯವರು ಮರೆತದ್ದನ್ನು ಮುಂಬೈಯವರು ನೆನಪಿಟ್ಟುಕೊಂಡರು ಎನ್ನೋಣವೇ?

ಸುಮಾ_ಮಲೆನಾಡು:
ಹಾಲಿವುಡ್ಡಿನವರೂ ನೆನಪಿಟ್ಟುಕೊಂಡಿದ್ದರು. ಬೋಂದಾರ್ಚುಕ್ ಅವರ ‘ವಾರ್ ಅಂಡ್ ಪೀಸ್’ 1969ರಲ್ಲಿ ವಿದೇಶಿ ಭಾಷೆಯ ಅತ್ಯುತ್ತಮ ಚಿತ್ರವೆಂದು ಆಸ್ಕರ್ ಗೆದ್ದದ್ದು ಎಲ್ಲರಿಗೂ ಗೊತ್ತು. ಅದೇ ವರ್ಷ ಕಲಾ ನಿರ್ದೇಶನದ ವಿಭಾಗಕ್ಕೂ ಅದು ನಾಮನಿರ್ದೇಶನ ಪಡೆದಿತ್ತು. ಮಿಖಾಯಿಲ್ ಬೊಗ್ದಾನೊವ್ ಮತ್ತು ಗೆನ್ನಾದಿ ಮ್ಯಾಸ್ನಿಕೊವ್ ಅವರ ಹೆಸರುಗಳು ಆ ಪಟ್ಟಿಯಲ್ಲಿವೆ. ಪ್ರಶಸ್ತಿ ‘ಆಲಿವರ್!’ ಪಾಲಾಯಿತು. ಮಾಸ್ಕೋ ಹೊತ್ತಿ ಉರಿಯುವ ದೃಶ್ಯಕ್ಕಾಗಿ ವೊಲೊಕೊಲಾಮ್‌ಸ್ಕ್ ಕಡೆಯ ಹಳೆಯ ಮಠವೊಂದರ ಬಳಿ ಒಂದು ಪಟ್ಟಣವನ್ನೇ ಕಟ್ಟಿ, ಅದಕ್ಕೆ ನಿಜವಾಗಿ ಬೆಂಕಿ ಇಟ್ಟರು. ಸುಡುವುದಕ್ಕೆಂದೇ ಅಷ್ಟು ಅಚ್ಚುಕಟ್ಟಾಗಿ ಕಟ್ಟುವವರ ಮನಸ್ಸು ಹೇಗಿರುತ್ತದೋ!

ಗರಗಸ:
ಏನೂ ಅನ್ನಿಸುವುದಿಲ್ಲ ಮೇಡಂ. ಉಳಿದರೇ ಬೇಜಾರು, ಬಿಚ್ಚುವ ಕೂಲಿಯನ್ನು ನಾವೇ ಹೊಂದಿಸಬೇಕಾಗುತ್ತದೆ.

ಇಂದಿನವರಲ್ಲಿ ಆಂದ್ರೇ ಪೊಂಕ್ರಾತೊವ್ ಅವರ ಕೆಲಸವನ್ನು ನೋಡಿ. ಜ್ವ್ಯಾಗಿಂತ್ಸೆವ್ ಅವರ ‘ಲೆವಿಯಾಥನ್’ (2014) ಚಿತ್ರದಲ್ಲಿ ಸರ್ಕಾರ ಕಿತ್ತುಕೊಳ್ಳುವ ಆ ಮನೆಯನ್ನು ಬ್ಯಾರೆಂಟ್ಸ್ ಸಮುದ್ರದ ದಡದ ತೆರಿಬೆರ್ಕಾ ಹಳ್ಳಿಯಲ್ಲಿ ಚಿತ್ರಕ್ಕಾಗಿಯೇ ಕಟ್ಟಿದರು. ಮನೆಯ ಉದ್ದಕ್ಕೂ ಗಾಜಿನ ಕಿಟಕಿಗಳು, ಹೊರಗೆ ನೀರು. ನೋಡಿದವರಾರಿಗೂ ಅದು ಸೆಟ್ ಎಂದು ಅನ್ನಿಸುವುದಿಲ್ಲ, ತಲೆಮಾರುಗಳಿಂದ ಯಾರೋ ಬಾಳಿ ಬದುಕಿದ ಮನೆ ಎನ್ನಿಸುತ್ತದೆ. ಅದರಿಂದಾಗಿಯೇ ಯಂತ್ರದ ಹಲ್ಲುಗಳು ಕಿಟಕಿಯನ್ನು ಒಡೆದು ಒಳಕ್ಕೆ ನುಗ್ಗಿ ಊಟದ ಕೋಣೆಯನ್ನು ಬಾಚಿಕೊಳ್ಳುವಾಗ ಎದೆ ಝಲ್ಲೆನ್ನುತ್ತದೆ. ಪೋಸ್ಟರಿನ ಮೇಲಿನ ತಿಮಿಂಗಿಲದ ಅಸ್ಥಿಪಂಜರವೂ ಕಲಾ ವಿಭಾಗದವರೇ ಮಾಡಿ ದಡದಲ್ಲಿ ಇಟ್ಟದ್ದು.

ವಾಚಕ_ಶಿರಸಿ:
ತಾರ್ಕೋವ್‌ಸ್ಕಿ ಹೆಸರು ಇನ್ನೂ ಬರಲಿಲ್ಲವಲ್ಲ ಎಂದು ಕಾಯುತ್ತಿದ್ದೆ. ‘ಸ್ಟಾಕರ್’ (1979) ಚಿತ್ರದ ಟೈಟಲ್‌ನಲ್ಲಿ ಕಲಾ ನಿರ್ದೇಶಕರೆಂದು ಅವರದೇ ಹೆಸರಿದೆ. ಹಾಗಾದರೆ ನಿರ್ದೇಶಕನೇ ಸಾಕು ಎನ್ನುವ ಹಳೇ_ರೀಲು ಅವರ ವಾದ ಅಲ್ಲಿ ಗೆದ್ದಂತಲ್ಲವೇ?

ಹಳೇ_ರೀಲು:
ಬೆಂಬಲಕ್ಕೆ ಧನ್ಯವಾದ. ಅಂತೂ ಒಬ್ಬರಾದರೂ ಸಿಕ್ಕರು.

ವಸುಧಾ_ಧಾರವಾಡ:
ಅಷ್ಟು ಬೇಗ ಧನ್ಯವಾದ ಹೇಳಬೇಡಿ. 1977ರಲ್ಲಿ ಎಸ್ಟೋನಿಯದಲ್ಲಿ ಚಿತ್ರೀಕರಿಸಿದ ಮೊದಲ ಆವೃತ್ತಿಗೆ ಕಲಾ ನಿರ್ದೇಶಕರು ಅಲೆಕ್ಸಾಂಡರ್ ಬೊಯಿಮ್. ಆ ನೆಗೆಟಿವ್ ಸಂಸ್ಕರಣೆಯಲ್ಲಿ ಹಾಳಾಗಿ, ಛಾಯಾಗ್ರಾಹಕ ರೆರ್‌ಬೆರ್ಗ್ ಜೊತೆ ಜಗಳವಾಗಿ, ಬೊಯಿಮ್ ಕೂಡ ಹೊರನಡೆದರು. ಅವರ ಜಾಗಕ್ಕೆ ಬಂದ ಶವ್ಕತ್ ಅಬ್ದುಸಲಾಮೊವ್ ಕೂಡ ಉಳಿಯಲಿಲ್ಲ. ಆಮೇಲೆ ತಾರ್ಕೋವ್‌ಸ್ಕಿ ಆ ಹೊಣೆಯನ್ನು ತಮ್ಮ ಹೆಸರಿಗೆ ಹಾಕಿಕೊಂಡರು ನಿಜ. ಆದರೆ ಚಿತ್ರೀಕರಣದ ಜಾಗದಲ್ಲಿ ನಿಂತು ಕೈಕೆಸರು ಮಾಡಿಕೊಂಡ ಕಲಾವಿದ ರಾಶಿತ್ ಸಫಿಯುಲ್ಲಿನ್. ನೀರಿನ ತಳದಲ್ಲಿ ಸಿರಿಂಜು, ನಾಣ್ಯ, ಸಂತರ ಚಿತ್ರದ ಹಾಳೆಗಳು ಹಾಸಿಕೊಂಡಿರುವ ಆ ದೀರ್ಘ ದೃಶ್ಯವನ್ನು ನೆನಪಿಸಿಕೊಳ್ಳಿ. ಒಂದೊಂದು ವಸ್ತುವನ್ನೂ ಯಾರೋ ನೀರಿಗಿಳಿದು ಜೋಡಿಸಲೇಬೇಕಲ್ಲವೇ? ಹೀಗಿರುವಾಗ ಟೈಟಲ್ ಕಾರ್ಡನ್ನು ನಂಬಿ ತೀರ್ಪು ಕೊಡುವುದಾದರೆ, ‘ಸ್ಟಾಕರ್’ಗೆ ಒಂದು ನ್ಯಾಯ, ‘ಇವಾನ್’ಗೆ ಇನ್ನೊಂದು ನ್ಯಾಯ ಮಾಡಬೇಡಿ. ಅಲ್ಲಿ ಟೈಟಲ್ ಕಾರ್ಡಿನ ಮೇಲಿರುವುದು ಶ್ಪಿನೆಲ್ ಹೆಸರು.

ಹಳೇ_ರೀಲು:
ಇದಕ್ಕೆ ಉತ್ತರಿಸುವ ಮೊದಲು ‘ಇವಾನ್’ ಎರಡನೆಯ ಭಾಗದ ಬಣ್ಣದ ಔತಣಕೂಟವನ್ನು ಮತ್ತೊಮ್ಮೆ ನೋಡುತ್ತೇನೆ. ಆ ಕೆಂಪು ಬಣ್ಣ ಯುದ್ಧದಲ್ಲಿ ವಶವಾದ ಜರ್ಮನ್ ಫಿಲ್ಮಿನದೋ, ಶ್ಪಿನೆಲ್ ಬಳಿಸಿದ ಗೋಡೆಗಳದೋ ಎಂಬುದು ಮೊದಲು ಇತ್ಯರ್ಥವಾಗಲಿ.